ಓದುಗರು ಕೇಳ್ಯಾರ: ಲೆಬನಾನ್ ಮಂದಿ ಯಾರು, ಎಲ್ಲೆಲ್ಲಿ ಹೋಗ್ಯಾರ, ಯಾಕ ಹೋದ್ರು

ಹೋದ ಸಂಚಿಕ್ಯಾಗ ಗಲ್ಫ್‌ಗೆ ದುಡೀಲಾಕ ಹೋದ ನಮ್ ಬೀದರ್, ಕಲಬುರಗಿ, ಯಾದಗಿರಿ ಹುಡುಗರ ಬಗ್ಗೆ ಬರೆದಿದ್ದೆ, ಅದರಾಗ ಅವರ ಸಂಗಟ ಕೆಲಸ ಮಾಡೋ ಲೆಬನಾನ್ ಮಂದಿ ಬಗ್ಗೆ ಎರಡೇ ಸಾಲು ಇದ್ವು. ಆ ಎರಡು ಸಾಲಿಗೇ ಇಷ್ಟು ಪ್ರಶ್ನೆ ಬಂದಾವ ಅಂದ್ರ ಈ ಸಲದ ಅಂಕಣ ಪೂರಾ ಅವಕ್ಕೇ ಬಿಟ್ಟೀನಿ. ಒಂದೇ ಥರದ ಪ್ರಶ್ನೆ ಸೇರಿಸೀನಿ, ಹೆಸರು ತೆಗೆದು ಊರು ಅಷ್ಟೇ ಇಟ್ಟೀನಿ.

ಪ್ರಶ್ನೆ: ನನ್ ಮಗ ದುಬೈದಾಗ ಕಟ್ಟಡ ಕಂಪನ್ಯಾಗ ಸೂಪರ್‌ವೈಸರ್ ಇದ್ದಾನ್ರಿ. ಅವನ ಮ್ಯಾನೇಜರ್ ಲೆಬನಾನ್‌ದವ, ಹೆಸರು ಜಾರ್ಜ್, ಮಾತಾಡೋದು ಅರಬ್ಬಿ, ಕೊರಳಾಗ ಶಿಲುಬಿ. ಅರಬ್ಬಿ ಮಾತಾಡೋರೆಲ್ಲ ಮುಸಲ್ಮಾನರು ಅಂತ ನಾವು ತಿಳ್ಕೊಂಡಿದ್ವಿ. ಇವ್ರು ಯಾರ ಪೈಕಿ? — ಒಬ್ಬ ತಾಯಿ, ಹುಮನಾಬಾದ್

ಉತ್ತರ: ಅವ್ವಾರೆ, ಅರಬ್ಬಿ ಅವರ ಮನಿ ಭಾಷಿ, ಧರ್ಮದ ಲೆಕ್ಕ ಬ್ಯಾರೆ. ಜಾರ್ಜ್, ಟೋನಿ, ಎಲಿಯಾಸ್ ಅಂತ ಹೆಸರಿದ್ರ ಬಹುತೇಕ ಕ್ರೈಸ್ತರೇ ಇರ್ತಾರ. ಆದ್ರ ಸಮೀರ್, ಕರೀಮ್, ನಬೀಲ್, ರೀಮಾ ಇಂಥ ಹೆಸರು ಎಲ್ಲಾ ಕಡಿಯವರೂ ಇಟ್ಕೋತಾರ, ಅವರ ಹೆಸರು ಕೇಳಿ ಧರ್ಮ ಹೇಳ್ಲಾಕ ಬರಂಗಿಲ್ಲ.

ಲೆಬನಾನ್ ಅನ್ನೋದು 10,452 ಚದರ ಕಿಲೋಮೀಟರ್‌ದ ದೇಶ, ನಮ್ ಕಲಬುರಗಿ ಜಿಲ್ಲಾಕ್ಕಿಂತ ತುಸು ಸಣ್ಣದು. ಒಂದು ಕಡಿ ಮೆಡಿಟರೇನಿಯನ್ ಸಮುದ್ರ, ಸಮುದ್ರದಿಂದ ಎದ್ದು ನಿಂತಂಗ ಗುಡ್ಡದ ಸಾಲು, ತುದಿಮ್ಯಾಲ 3,000 ಮೀಟರ್ ದಾಟಿದ ಶಿಖರ, ಚಳಿಗಾಲದಾಗ ಹಿಮ. ಅಷ್ಟರಾಗೇ ಸರ್ಕಾರ ಒಪ್ಪಿಕೊಂಡ ಧಾರ್ಮಿಕ ಪಂಗಡ 18 ಇದ್ದಾವ. ಸುನ್ನಿ, ಶಿಯಾ, ಅಲವಿ, ಇಸ್ಮಾಯಿಲಿ, ದ್ರೂಜ್ ಒಂದು ಕಡಿ, ಕ್ರೈಸ್ತರೊಳಗೇ ಮಾರೊನೈಟ್, ಗ್ರೀಕ್ ಆರ್ಥೊಡಾಕ್ಸ್, ಗ್ರೀಕ್ ಕ್ಯಾಥೊಲಿಕ್, ಆರ್ಮೇನಿಯದವರು, ಸಿರಿಯಾಕ್‌ದವರು, ಕಾಪ್ಟಿಕ್‌ದವರು ಅಂತ ಹನ್ನೆರಡು, ಮತ್ತ ಯಹೂದಿಗಳದೊಂದು. ಯಹೂದಿಗಳು ಈಗ ಬೆರಳೆಣಿಕಿಯಷ್ಟೇ ಉಳಿದಾರ, ಆದ್ರೂ ಕಾನೂನಿನ ಪಟ್ಟ್ಯಾಗ ಅವರ ಜಾಗ ಹಂಗೇ ಅದ.

ಮಾರೊನೈಟ್ ಅಂದ್ರ ಸಂತ ಮಾರೂನ್ ಅನ್ನೋ ಹಳೇ ಸನ್ಯಾಸಿ ಹಾದಿ ಹಿಡಿದವರು, ರೋಮಿನ ಪೋಪರನ್ನ ಒಪ್ಪತಾರ, ಆದ್ರ ಪೂಜಾದಾಗ ಇವತ್ತಿಗೂ ಸಿರಿಯಾಕ್ ಭಾಷಿ ಕೇಳಿಬರ್ತದ. ಕೇರಳದ ಸಿರಿಯನ್ ಕ್ರೈಸ್ತರ ಹಳೇ ಪ್ರಾರ್ಥನಾ ಭಾಷೀನೂ ಅದೇ. ಕದೀಶಾ ಅನ್ನೋ ಆಳ ಕಣಿವ್ಯಾಗ ಬಂಡೆಗಲ್ಲು ಕೊರೆದು ಮಠ ಮಾಡ್ಕೊಂಡು ನೂರಾರು ವರ್ಷ ಬಾಳ್ಯಾರ. ದ್ರೂಜರದ್ದು ಹನ್ನೊಂದನೇ ಶತಮಾನದಾಗ ಹುಟ್ಟಿದ ಪಂಥ, ಪುನರ್ಜನ್ಮ ನಂಬತಾರ, ಹೊರಗಿನವರನ್ನ ತಮ್ಮೊಳಗ ಸೇರಿಸ್ಕೊಳ್ಳಂಗಿಲ್ಲ. ಆರ್ಮೇನಿಯದವರು 1915ರ ಹತ್ಯಾಕಾಂಡದಿಂದ ಜೀವ ಉಳಿಸ್ಕೊಂಡು ಬಂದು ಬೈರೂತ್ ಮಗ್ಗಲಿಗೇ ಬುರ್ಜ್ ಹಮ್ಮೂದ್ ಅನ್ನೋ ಪ್ಯಾಟಿ ಕಟ್ಟಿದ್ರು. ಬಯಲಿನಾಗ ಬಾಳ್ವಿ ಕಷ್ಟ ಆದವರಿಗೆಲ್ಲ ಆ ಗುಡ್ಡ ಆಸರ ಕೊಟ್ಟದ, ಅದಕ್ಕೇ ಇಷ್ಟು ಸಣ್ಣ ಜಾಗದಾಗ ಇಷ್ಟು ಥರದ ಮಂದಿ.

ನಿಮ್ ಮಗನಿಗಿ ಒಂದು ಮಾತು ಹೇಳ್ರಿ, ಜಾರ್ಜ್‌ಗೆ ನಿಂದು ಯಾವ ಧರ್ಮ ಅಂತ ಕೇಳೋದು ಬ್ಯಾಡ, ಆ ಪ್ರಶ್ನೆ ಅವರಿಗೆ ಚುಚ್ಚತದ, ಯಾಕ ಅಂತ ಕೆಳಗ ಬರ್ತದ. ಊಟದ ಬಗ್ಗೆ ಕೇಳ್ಲಿ, ಫೈರೂಜ್ ಅನ್ನೋ ಹಾಡುಗಾರ್ತಿ ಬಗ್ಗೆ ಕೇಳ್ಲಿ. ಬೆಳಿಗ್ಗೆ ಕಾಫಿ ಜೋಡಿ ಫೈರೂಜ್ ಹಾಡು ಕೇಳೋದು ಅಲ್ಲಿ ಎಲ್ಲಾ ಪಂಗಡದವರ ಮನ್ಯಾಗೂ ಅದ.

ಪ್ರಶ್ನೆ: ಸ್ಪರ್ಧಾತ್ಮಕ ಪರೀಕ್ಷಾಕ್ಕ ಓದ್ಲಾಕತ್ತೀನಿ ಸರ್. ಲೆಬನಾನ್‌ದಾಗ ಅಧ್ಯಕ್ಷರು ಒಂದೇ ಪಂಗಡದವರೇ ಆಗಬೇಕಂತ, ಇದು ಅವರ ಸಂವಿಧಾನದಾಗ ಬರೆದದೇನು? ಮತ್ತ ಇದು ಪ್ರಜಾಪ್ರಭುತ್ವ ಹೆಂಗಾಗ್ತದ? — ಪದವಿ ವಿದ್ಯಾರ್ಥಿನಿ, ಕಲಬುರಗಿ

ಉತ್ತರ: ತಂಗಿ, ಸಂವಿಧಾನದಾಗ ಬರೆದಿಲ್ಲ. 1943ರಾಗ ಫ್ರೆಂಚರಿಂದ ಸ್ವಾತಂತ್ರ್ಯ ತಗೊಳ್ಳೋವಾಗ ಬಿಶಾರಾ ಅಲ್ ಖೂರಿ, ರಿಯಾದ್ ಅಲ್ ಸುಲ್ಹ್ ಅನ್ನೋ ಇಬ್ಬರು ನಾಯಕರು ಮಾಡ್ಕೊಂಡ ಬಾಯಿಮಾತಿನ ಒಪ್ಪಂದ ಅದು, ರಾಷ್ಟ್ರೀಯ ಒಪ್ಪಂದ ಅಂತ ಕರೀತಾರ. ಕ್ರೈಸ್ತರು ಫ್ರಾನ್ಸ್ ಆಸರ ಕೇಳಬಾರದು, ಮುಸಲ್ಮಾನರು ಸಿರಿಯಾ ಜೋಡಿ ಕೂಡಬೇಕು ಅನ್ನಬಾರದು. ಅಧ್ಯಕ್ಷ ಮಾರೊನೈಟ್, ಪ್ರಧಾನಿ ಸುನ್ನಿ, ಸ್ಪೀಕರ್ ಶಿಯಾ. ಇವತ್ತಿಗೂ ಇದೇ ನಡೀತದ. 2025ರ ಜನವರ್ಯಾಗ ಅಧ್ಯಕ್ಷ ಆದ ಜೋಸೆಫ್ ಔನ್ ಮಾರೊನೈಟ್, ಪ್ರಧಾನಿ ಆದ ನವಾಫ್ ಸಲಾಂ ಸುನ್ನಿ, 1992ರಿಂದ ಸ್ಪೀಕರ್ ಕುರ್ಚಿಮ್ಯಾಲ ಕೂತಿರೋ ನಬೀಹ್ ಬೆರ್ರಿ ಶಿಯಾ.

ಈ ಪಾಲು ಯಾವ ಲೆಕ್ಕದಮ್ಯಾಲ ಮಾಡಿದ್ರು ಅಂದ್ರ 1932ರ ಜನಗಣತಿ ಮ್ಯಾಲ. ಅದರಾಗ ಕ್ರೈಸ್ತರು ಅರ್ಧಕ್ಕಿಂತ ಸ್ವಲ್ಪೇ ಹೆಚ್ಚು ಬಂದ್ರು, ದೇಶ ಬಿಟ್ಟು ಹೊರಗ ಹೋದವರನ್ನೂ ಲೆಕ್ಕಕ್ಕ ಹಿಡಿದಿದ್ರು, ಹೋದವರೊಳಗ ಕ್ರೈಸ್ತರೇ ಹೆಚ್ಚಿದ್ರು. ಪಾರ್ಲಿಮೆಂಟ್ ಸೀಟು ಆರು ಕ್ರೈಸ್ತರಿಗಿ, ಐದು ಮುಸಲ್ಮಾನರಿಗಿ ಅಂತ ಹಂಚಿದ್ರು. ಪರೀಕ್ಷಾದಾಗ ಬಂದ್ರೂ ಬರಬಹುದು, ನೆನಪಿಟ್ಕೋ, 1932ರ ನಂತರ ಲೆಬನಾನ್‌ದಾಗ ಅಧಿಕೃತ ಜನಗಣತಿ ಆಗೇ ಇಲ್ಲ. ಎಣಿಸಿದ್ರ ಪಾಲು ಬದಲಾಗ್ತದ ಅನ್ನೋ ಹೆದರಿಕಿಗಿ ಯಾವ ಸರ್ಕಾರನೂ ಕೈ ಹಾಕಿಲ್ಲ.

ದೇಶದೊಳಗ ಹದಿನೈದು ವರ್ಷ ನಡೆದ ಯುದ್ಧದ ಕಡೀಗಿ, 1989ರಾಗ ಸೌದಿ ಅರೇಬಿಯಾದ ತಾಯಿಫ್ ಊರಾಗ ಕೂತು ಹೊಸ ಒಪ್ಪಂದ ಮಾಡಿದ್ರು, ಸೀಟು ಅರ್ಧ ಅರ್ಧ ಆಯ್ತು. ಈಗ 128 ಸೀಟು, 64 ಕ್ರೈಸ್ತರಿಗಿ, 64 ಮುಸಲ್ಮಾನರು ಮತ್ತ ದ್ರೂಜರಿಗಿ. ಅದರೊಳಗೂ ಮಾರೊನೈಟ್ 34, ಸುನ್ನಿ 27, ಶಿಯಾ 27, ದ್ರೂಜ್ 8, ಅಲವಿ 2, ಹಿಂಗ. ಭಾಳ ಮಂದಿ ಒಂದು ವಿಷಯ ತಪ್ಪು ಬರೀತಾರ, ಸುನ್ನಿ ಸೀಟಿಗೆ ಸುನ್ನಿಗಳಷ್ಟೇ ವೋಟ್ ಹಾಕ್ತಾರ ಅಂತಲ್ಲ, ಆ ಕ್ಷೇತ್ರದ ಎಲ್ಲಾ ಮತದಾರರೂ ಹಾಕ್ತಾರ, ಕುರ್ಚಿ ಮಾತ್ರ ಪಂಗಡಕ್ಕ ಕಟ್ಟಿರ್ತದ.

ಪ್ರಜಾಪ್ರಭುತ್ವ ಹೆಂಗ ಅಂತ ಕೇಳೀದಿ. ಚುನಾವಣಿ ಆಗ್ತಾವ, ಪೇಪರ್‌ನವರು ಸರ್ಕಾರಕ್ಕ ಬೈತಾರ, ಆ ಭಾಗದ ಎಷ್ಟೋ ದೇಶದಾಗ ಇಲ್ಲದ ಸ್ವಾತಂತ್ರ್ಯ ಅಲ್ಲದ. ಆದ್ರ ನೌಕರಿ ಬೇಕಾದ್ರ ನಿನ್ ಪಂಗಡದ ಲೀಡರ್, ಆಸ್ಪತ್ರ್ಯಾಗ ಬೆಡ್ ಬೇಕಾದ್ರ ನಿನ್ ಪಂಗಡದ ಲೀಡರ್, ಲಗ್ನಕ್ಕ ನಿನ್ ಪಂಗಡದ ಕೋರ್ಟ್ ಅಂದಮ್ಯಾಲ, ದೇವರನ್ನ ನಂಬದವನೂ ಪಂಗಡ ಬಿಟ್ಟು ಹೊರಗ ಬರ್ಲಾಕ ಆಗಂಗಿಲ್ಲ, ಯಾಕಂದ್ರ ಹೊರಗ ಅವನನ್ನ ಕೇಳೋರೇ ಇಲ್ಲ. ನನಗ ಇಡೀ ವಿಷಯದಾಗ ಎಲ್ಲಕ್ಕಿಂತ ಹೆಚ್ಚು ನೋವಾಗೋದು ಇದೇ. ಅವರ ಭಕ್ತಿಯಿಂದ ಅವರಿಗಿ ಕೇಡಾಗಿಲ್ಲ, ಸರ್ಕಾರದ ಪ್ರತಿ ಬಾಗಿಲಿಗೂ ಪಂಗಡದ ಕೀಲಿ ಹಾಕಿದ್ದರಿಂದ ಆಗ್ಯಾದ, ಮತ್ತ ಆ ಕೀಲಿ ಹಾಕಿದ್ದು ಮನುಷ್ಯರೇ, ತಾರೀಖು ಸಮೇತ ಹೇಳ್ಲಾಕ ಬರ್ತದ. ಪಂಗಡದ ಲೆಕ್ಕ ಹಂತಹಂತವಾಗಿ ತೆಗೀತೀವಿ ಅಂತ ತಾಯಿಫ್ ಒಪ್ಪಂದದಾಗೇ ಬರೆದಾರ, ಮೂರು ದಶಕ ದಾಟಿದ್ರೂ ತೆಗೆದಿಲ್ಲ. 2019ರ ಅಕ್ಟೋಬರ್‌ದಾಗ ಲಕ್ಷಗಟ್ಲೆ ಮಂದಿ, ಎಲ್ಲಾ ಪಂಗಡದವರು, ಬೀದಿಗಿಳಿದು ಎಲ್ಲಾರೂ ಅಂದ್ರ ಎಲ್ಲಾರೂ ತೊಲಗ್ರಿ ಅಂತ ತಮ್ ತಮ್ ಲೀಡರ್‌ಗಳನ್ನೂ ಸೇರಿಸಿ ಕೂಗಿದ್ದು ಇದಕ್ಕೇ.

ಪ್ರಶ್ನೆ: ನಮ್ ಅಷ್ಟೂರಿನಾಗ ಬಹಮನಿ ಸುಲ್ತಾನ ಅಹಮದ್ ಶಾ ವಲಿ ಉರುಸಿಗಿ ಮಾಡಿಯಾಳದಿಂದ ಜಂಗಮರು ಬರ್ತಾರ, ಹಿಂದೂ ಮುಸ್ಲಿಂ ಇಬ್ಬರೂ ಕೂಡ್ತಾರ. ಅಲ್ಲೂ ಇಂಥಾದ್ದು ಅದಏನ್ರಿ? — ಬೀದರ್

ಉತ್ತರ: ಅದರಿ. ಬೈರೂತ್ ಉತ್ತರಕ್ಕ ಹರೀಸಾ ಅನ್ನೋ ಗುಡ್ಡದ ಮ್ಯಾಲ ಮೇರಿಮಾತೆಯ ದೊಡ್ಡ ಬಿಳಿ ಮೂರ್ತಿ ಅದ, 1908ರಾಗ ನಿಲ್ಲಿಸಿದ್ದು. ಅಲ್ಲಿಗಿ ಮುಸಲ್ಮಾನ ಹೆಣ್ಮಕ್ಕಳೂ ಹರಕಿ ಹೊತ್ತು ಹೋಗ್ತಾರ, ಕುರಾನಿನಾಗ ಮರ್ಯಮ್ ಹೆಸರಿನ ಅಧ್ಯಾಯನೇ ಅದಲ್ಲ. 2010ರಿಂದ ಮಾರ್ಚ್ 25 ಕ್ರೈಸ್ತರು ಮುಸಲ್ಮಾನರು ಕೂಡಿ ಮಾಡೋ ರಾಷ್ಟ್ರೀಯ ಹಬ್ಬ, ದೇವದೂತ ಮೇರಿಗೆ ಸುದ್ದಿ ತಂದ ದಿನ ಅಂತ. ಆದ್ರ ಬರೀ ಚೆಂದದ ಮಾತು ಹೇಳಿ ಬಿಟ್ರ ಅದು ಅರ್ಧ ಸತ್ಯ ಆಗ್ತದ. ಶೂಫ್ ಅನ್ನೋ ಗುಡ್ಡದ ಸೀಮ್ಯಾಗ ದ್ರೂಜರು, ಮಾರೊನೈಟರು ತಲಿತಲಾಂತರದಿಂದ ಒಂದೇ ಊರಾಗ ಇದ್ದವರು, 1860ರಾಗ ಒಮ್ಮೆ ಕೊಂದಾಡಿದ್ರು, 1983ರಾಗ ಮತ್ತೊಮ್ಮೆ, ಕ್ರೈಸ್ತರ ಊರೂರೇ ಖಾಲಿ ಆದ್ವು. 2001ರಾಗ ಮಾರೊನೈಟ್ ಧರ್ಮಗುರು ಸ್ಫೈರ್ ಆ ಗುಡ್ಡಕ್ಕ ಹೋಗಿ ದ್ರೂಜ್ ನಾಯಕ ವಲೀದ್ ಜುಂಬ್ಲಾತ್ ಅವರ ಮನ್ಯಾಗ ಕೂತು ರಾಜಿ ಮಾಡ್ಕೊಂಡ್ರು. ಕೂಡಿ ಬಾಳೋದು ತಾನಾಗೇ ಉಳಿಯಂಗಿಲ್ಲ ಅಣ್ಣಾರ, ಅಷ್ಟೂರಿನಾಗೂ ಪ್ರತಿ ವರ್ಷ ಯಾರೋ ಒಬ್ಬರು ಜಬಾಬ್ದಾರಿ ಹೊತ್ತು ನಡೆಸಿದ್ದಕ್ಕೇ ನಡೀಲಾಕತ್ತದ.

ಪ್ರಶ್ನೆ: ನಮ್ಮ ತಂದಿ ಸೈನ್ಯದಾಗ ಇದ್ದಾಗ ವಿಶ್ವಸಂಸ್ಥೆ ಕಡಿಂದ ದಕ್ಷಿಣ ಲೆಬನಾನ್‌ಗೆ ಹೋಗಿದ್ರು. ಒಂದು ಊರಾಗ ಚರ್ಚ್, ಪಕ್ಕದ ಊರಾಗ ಮಸೀದಿ ಇರೋ ಫೋಟೋ ಮನ್ಯಾಗ ಅವ. ಅಲ್ಲಿ ಯುದ್ಧ ಆಗಿದ್ದು ಕ್ರೈಸ್ತರು ಮುಸಲ್ಮಾನರ ನಡುವೆ ಅಲ್ಲೇನ್ರಿ? — ಭಾಲ್ಕಿ

ಉತ್ತರ: ನಿಮ್ ತಂದ್ಯಾರಿಗಿ ನನ್ ಶರಣು ಹೇಳ್ರಿ. 1998ರಿಂದ ನಮ್ ಭಾರತದ ಬೆಟಾಲಿಯನ್ ಅಲ್ಲಿ ಶಾಂತಿ ಕಾಯೋ ಕೆಲಸ ಮಾಡ್ಯಾದ, ಅದರ ಸೀಮಿ ಆಗ್ನೇಯ ಮೂಲ್ಯಾಗ, ಇಸ್ರೇಲ್ ಮತ್ತ ಸಿರಿಯಾ ಗಡಿ ಹತ್ರ. ಆ ಮೂಲ್ಯಾಗ ಮರ್ಜಯೂನ್ ಕ್ರೈಸ್ತರ ಊರು, ಖಿಯಾಮ್ ಶಿಯಾಗಳದ್ದು, ಹಾಸ್ಬಯಾ ದ್ರೂಜರದ್ದು, ಶೆಬಾ ಸುನ್ನಿಗಳದ್ದು, ಎಲ್ಲಾ ಒಂದಕ್ಕೊಂದು ಸಮೀಪ. ಫೋಟೋದಾಗ ಇರೋದು ಆ ಕಡಿ ಊರುಗಳೇ ಇರಬೇಕು.

1975ರಿಂದ 1990ರ ತನಕದ ಯುದ್ಧನ ಬರೀ ಕ್ರೈಸ್ತ ಮುಸಲ್ಮಾನ ಜಗಳ ಅಂದ್ರ ಖರೇ ಆಗಂಗಿಲ್ಲ. ಶುರು ಆಗಿದ್ದು ಕ್ರೈಸ್ತ ಪಕ್ಷಗಳ ಪಡೆ ಮತ್ತ ಪ್ಯಾಲೆಸ್ತೀನಿ ಹೋರಾಟಗಾರರ ನಡುವೆ. 1976ರಾಗ ಸಿರಿಯಾ ಸೈನ್ಯ ಬಂತು, 2005ರ ತನಕ ಹೋಗ್ಲಿಲ್ಲ. ಇಸ್ರೇಲ್ 1978ರಾಗ ಬಂತು, 1982ರಾಗ ಬೈರೂತ್ ತನಕ ಬಂತು, ದಕ್ಷಿಣದಿಂದ ಹೊರಟಿದ್ದು 2000ದಾಗ. ಕಡೀ ವರ್ಷಗಳಾಗ ಶಿಯಾಗಳ ಅಮಲ್ ಮತ್ತ ಹಿಜ್ಬುಲ್ಲಾ ತಮ್ಮತಮ್ಮೊಳಗೇ ಹೊಡೆದಾಡಿದ್ರು, ಕ್ರೈಸ್ತರ ಎರಡು ಬಣನೂ ಹಂಗೇ ಹೊಡೆದಾಡಿದ್ವು. ಸತ್ತವರು ಸುಮಾರು ಒಂದೂವರೆ ಲಕ್ಷ ಅಂತಾರ.

ಆದ್ರ ಒಂದು ಕೆಟ್ಟ ನೆನಪು ಧರ್ಮಕ್ಕ ಅಂಟಿಕೊಂಡದ. ಆಗಿನ ಗುರುತಿನ ಚೀಟ್ಯಾಗ ಪಂಗಡದ ಹೆಸರು ಬರೆದಿರ್ತಿದ್ರು. ರಸ್ತಾದಾಗ ಬಂದೂಕ ಹಿಡಿದವರು ಗಾಡಿ ನಿಲ್ಲಿಸೋರು, ಚೀಟಿ ನೋಡೋರು, ಬ್ಯಾರೆ ಪಂಗಡ ಅಂತ ಕಂಡ್ರ ಇಳಿಸಿ ಕೊಲ್ಲೋರು. 1975ರ ಡಿಸೆಂಬರ್ 6ರ ಒಂದೇ ದಿನ ಬೈರೂತ್‌ದಾಗ ಹಿಂಗ ನೂರಾರು ಮಂದಿ ಹೋದ್ರು. ನಿನ್ ಧರ್ಮ ಯಾವ್ದು ಅಂತ ಕೇಳಬ್ಯಾಡ್ರಿ ಅಂತ ಹುಮನಾಬಾದ್ ಅವ್ವಾರಿಗಿ ಹೇಳಿದ್ದು ಇದಕ್ಕೇ. ಯುದ್ಧ ಮುಗಿದಮ್ಯಾಲ ಗುರುತಿನ ಚೀಟಿಯಿಂದ ಆ ಸಾಲು ತೆಗೆದ್ರು, ಆದ್ರ ಸರ್ಕಾರಿ ರೆಜಿಸ್ಟರ್‌ದಾಗ ಉಳೀತು, 2009ರಿಂದ ಬೇಕಾದವರು ಅರ್ಜಿ ಕೊಟ್ಟು ತೆಗೆಸಬಹುದು.

ಪ್ರಶ್ನೆ: ಬ್ರೆಜಿಲ್‌ದಾಗ ಅಧ್ಯಕ್ಷ ಆಗಿದ್ದವರು ಲೆಬನಾನ್ ಮೂಲದವರು, ಮೆಕ್ಸಿಕೋದ ದೊಡ್ಡ ಸಾವುಕಾರ ಲೆಬನಾನ್ ಮೂಲದವರು, ಶಕೀರಾನೂ ಹಂಗೇ ಅಂತ ಓದೀನಿ. ಇಷ್ಟು ಸಣ್ಣ ದೇಶದಿಂದ ಇಷ್ಟು ಮಂದಿ ಇಷ್ಟು ದೂರ ಯಾಕ ಹೋದ್ರು? — ಸುರಪುರ, ಯಾದಗಿರಿ ಜಿಲ್ಲಾ

ಉತ್ತರ: ಇದು ನನಗ ಭಾಳ ಹತ್ರದ ವಿಷಯ, ಸ್ವಲ್ಪ ಉದ್ದ ಆಗ್ತದ.

ಮೊದಲು ರೇಷ್ಮಿಯಿಂದ ಶುರು ಮಾಡ್ಬೇಕು. ಹತ್ತೊಂಬತ್ತನೇ ಶತಮಾನದಾಗ ಲೆಬನಾನ್ ಗುಡ್ಡದ ಮಂದಿ ಬ್ಯಾರೆ ಬೆಳಿ ಬಿಟ್ಟು ಹಿಪ್ಪುನೇರಳೆ ಹಚ್ಚಿದ್ರು, ಫ್ರಾನ್ಸಿನ ಲಿಯೋನ್ ಊರಿನ ವ್ಯಾಪಾರಿಗಳು ಬಂದು ನೂಲು ತೆಗೆಯೋ ಫ್ಯಾಕ್ಟರಿ ಹಾಕಿದ್ರು, ಹಳ್ಳಿ ಹುಡುಗ್ಯಾರು ಮೊದಲ ಸಲ ಮನಿ ಬಿಟ್ಟು ಪಗಾರಕ್ಕ ದುಡಿದ್ರು. ಕೈಯಾಗ ನಗದು ಬಂತು, ಮನಿಗಿ ಕೆಂಪು ಹೆಂಚು ಬಂತು. 1869ರಾಗ ಸೂಯೆಜ್ ಕಾಲುವಿ ತೆರೀತು, ಚೀನಾ ಜಪಾನ್ ರೇಷ್ಮಿ ಅಗ್ಗದಾಗ ಯುರೋಪ್ ಮುಟ್ಲಾಕ ಶುರು ಆಯ್ತು, ಗುಡ್ಡದ ರೇಷ್ಮಿಗಿ ರೇಟು ಬಿತ್ತು. ಬಿತ್ತೋ ಹೊಲದಾಗೆಲ್ಲ ಹಿಪ್ಪುನೇರಳೆ ತುಂಬಿದವರು ಹೊಟ್ಟಿಗಿ ಏನ್ ಮಾಡ್ಬೇಕು? ಹಡಗು ಹತ್ತಿದ್ರು. 1880ರ ಸುಮಾರಿಗಿ ಶುರು ಆದದ್ದು 1914ರ ಹೊತ್ತಿಗಿ ಆ ಗುಡ್ಡದ ಮೂರು ಮಂದ್ಯಾಗ ಒಬ್ಬರು ಹೋಗಿಬಿಟ್ಟಿದ್ರು ಅಂತ ಇತಿಹಾಸಕಾರರು ಅಂದಾಜು ಮಾಡ್ತಾರ. ಬ್ರೆಜಿಲ್ ಚಕ್ರವರ್ತಿ ಎರಡನೇ ಪೆಡ್ರೊ 1876ರಾಗ ಲೆಬನಾನ್‌ಗೆ ಬಂದು ಹೋಗಿದ್ದ, ಆ ದೇಶದ ಹೆಸರು ಗುಡ್ಡದಾಗ ಮಂದಿ ಬಾಯಾಗ ಇತ್ತು.

ಹೋದವರು ಏನ್ ಮಾಡಿದ್ರು? ಹೊಲ ಇಲ್ಲ, ಭಾಷಿ ಇಲ್ಲ, ಬಂಡವಾಳ ಇಲ್ಲ. ಮೊದಲೇ ಹೋಗಿದ್ದ ಊರವನು ಒಂದು ಕಟಿಗಿ ಪೆಟಿಗಿ ಉದ್ರಿ ತುಂಬಿ ಕೊಡ್ತಿದ್ದ, ಅದರಾಗ ಸಣ್ಣ ಸಣ್ಣ ಖಾನಿ, ಸೂಜಿ, ದಾರ, ಗುಂಡಿ, ಬಾಚಣಿಕಿ, ರಿಬ್ಬನ್, ಜಪಮಾಲಿ, ಜೆರುಸಲೇಮಿನದ್ದು ಅಂತ ಹೇಳಿ ಮಾರೋ ಸಣ್ಣ ಶಿಲುಬಿ. ನಮ್ ಕಡಿ ಬಳಿಗಾರರು ಮಲಾರ ಹೊತ್ತು ಊರೂರು ತಿರುಗಿದಂಗ ಅದನ್ನ ಬೆನ್ನಿಗಿ ಕಟ್ಕೊಂಡು ಕಾಫಿ ತ್ವಾಟದ ಕೂಲಿಗಳ ಮನಿಮನಿಗಿ ಹೋಗ್ತಿದ್ರು, ಉದ್ರಿ ಕೊಡ್ತಿದ್ರು, ಮುಂದಿನ ಸುತ್ತಿನಾಗ ವಸೂಲಿ ಮಾಡ್ತಿದ್ರು. ಹೆಣ್ಮಕ್ಕಳೂ ಪೆಟಿಗಿ ಹೊತ್ತಾರ, ಬಾಗಿಲ ಒಳಗ ಅಡಗಿಮನಿ ತನಕ ಹೋಗ್ಲಾಕ ಅವರಿಗೇ ಸಲೀಸು. ರೊಕ್ಕ ಕೂಡಿದಮ್ಯಾಲ ಸಾಮಾನು ಹೊರ್ಲಾಕ ಕತ್ತೆ, ಆಮ್ಯಾಲ ಅಂಗಡಿ, ಆಮ್ಯಾಲ ಬಟ್ಟಿ ಗಿರಣಿ. ಸಾಂವ್ ಪಾವ್ಲೊದ 25 ದೆ ಮಾರ್ಸೊ ಅನ್ನೋ ಬೀದಿ ಹಿಂಗೇ ಬೆಳೀತು, ಇವತ್ತಿಗೂ ಹೋಲ್‌ಸೇಲ್ ಬಜಾರು. ಅದೇ ಊರಾಗ ಸಿರಿಯಾ ಲೆಬನಾನ್ ಹೆಣ್ಮಕ್ಕಳ ಸಂಘ 1921ರಾಗ ಶುರು ಮಾಡಿದ ಕೆಲಸ ಇವತ್ತು ಬ್ರೆಜಿಲ್‌ದ ದೊಡ್ಡ ಆಸ್ಪತ್ರೆಗಳಾಗ ಒಂದಾಗಿ ನಿಂತದ. ಆಗ ಅವರ ಕೈಯಾಗ ಇದ್ದದ್ದು ಒಟೊಮನ್ ಕಾಗದ, ಹಂಗಾಗಿ ಅಲ್ಲಿ ಮಂದಿ ಇವರನ್ನ ತುರ್ಕರು ಅಂತಿದ್ರು, ಆ ತುರ್ಕರ ಆಳ್ವಿಕಿಯಿಂದಲೇ ತಪ್ಪಿಸ್ಕೊಂಡು ಬಂದವರಿಗಿ ಅದು ಎಷ್ಟು ನೋಯ್ತಿತ್ತು ನೀವೇ ಯೋಚಿಸ್ರಿ.

ಉಳಿದವರ ಕಥಿ ಇನ್ನೂ ಕೆಟ್ಟದು. ಮೊದಲ ಮಹಾಯುದ್ಧದಾಗ ಬ್ರಿಟಿಷ್ ಫ್ರೆಂಚ್ ಹಡಗುಗಳು ಸಮುದ್ರ ಕಟ್ಟಿದ್ವು, ಒಟೊಮನ್ ಅಧಿಕಾರಿಗಳು ಗುಡ್ಡಕ್ಕ ಕಾಳು ಹೋಗದಂಗ ಮಾಡಿದ್ರು, 1915ರಾಗ ಮಿಡತಿ ಬಂದು ಇದ್ದ ಹಸಿರೂ ತಿಂದ್ವು. 1918ರ ತನಕ ಆ ಬರದಾಗ ಸುಮಾರು ಎರಡು ಲಕ್ಷ ಮಂದಿ ಹಸಿವು, ಜ್ವರದಿಂದ ಸತ್ರು. 1972ರ ಬರದಾಗ ಮುಂಬೈ, ಪುಣೆ ಕಡಿ ಗುಳೆ ಹೋಗಿ ಅಲ್ಲೇ ಉಳಿದ ಮನೆತನದವರು ನಮ್ ಕಡಿ ಬೇಕಾದಷ್ಟು ಇದ್ದಾರ, ಅವರಿಗಿ ಇದನ್ನ ಬಿಡಿಸಿ ಹೇಳೋದು ಬೇಕಾಗಿಲ್ಲ.

ಎಲ್ಲಾರೂ ಅಮೆರಿಕಾ ಖಂಡಕ್ಕೇ ಹೋಗ್ಲಿಲ್ಲ. ದಕ್ಷಿಣ ಲೆಬನಾನಿನ ಶಿಯಾಗಳು ಭಾಳ ಮಂದಿ ಪಶ್ಚಿಮ ಆಫ್ರಿಕಾಕ್ಕ ಹೋದ್ರು, ಸೆನೆಗಲ್‌ದಾಗ ಶೇಂಗಾ ವ್ಯಾಪಾರ, ಸಿಯೆರಾ ಲಿಯೋನ್‌ದಾಗ ವಜ್ರ, ಐವರಿ ಕೋಸ್ಟ್‌ದಾಗ ಅಂಗಡಿ. ಅಮೆರಿಕದ ಡಿಯರ್‌ಬಾರ್ನ್‌ಗೆ ಹೋದವರನ್ನ ಎಳೆದದ್ದು ಫೋರ್ಡ್ ಕಾರ್ ಫ್ಯಾಕ್ಟರಿ. 1975ರ ಯುದ್ಧದಾಗ ಆಸ್ಟ್ರೇಲಿಯಾ, ಕೆನಡಾ, ಫ್ರಾನ್ಸ್, ಗಲ್ಫ್ ಕಡಿ ಮತ್ತೊಂದು ಅಲಿ. ಹಿಂಗಾಗಿ ದೇಶದ ಒಳಗ ಇರೋರಿಗಿಂತ ಹೊರಗ ಇರೋ ಸಂತತೀನೇ ಹೆಚ್ಚಾಗ್ಯಾದ. ಬ್ರೆಜಿಲ್‌ದ ಮಿಶೆಲ್ ತೆಮರ್ 2016ರಿಂದ 2018ರ ತನಕ ಅಧ್ಯಕ್ಷ ಇದ್ರು, ನೀವು ಕೇಳಿದ ಸಾವುಕಾರ ಕಾರ್ಲೊಸ್ ಸ್ಲಿಮ್ ಅವರ ತಂದಿ 1902ರಾಗ ಮೆಕ್ಸಿಕೋ ಮುಟ್ಟಿದ್ರು, ಡೊಮಿನಿಕನ್ ಗಣರಾಜ್ಯದಾಗ 2020ರಿಂದ ಲೂಯಿಸ್ ಅಬಿನಾದರ್ ಅಧ್ಯಕ್ಷ ಇದ್ದಾರ. ಆದ್ರ ದೊಡ್ಡವರ ಹೆಸರಷ್ಟೇ ಹೇಳಿದ್ರ ಪೆಟಿಗಿ ಹೊತ್ತು ಹೊತ್ತು ಬೆನ್ನು ಬಾಗಿ ಹೆಸರಿಲ್ಲದಂಗ ಹೋದ ಸಾವಿರಾರು ಮಂದಿಗಿ ಅನ್ಯಾಯ ಆಗ್ತದ.

ಒಂದು ಊಟದ ಮಾತು, ಬ್ರೆಜಿಲ್‌ದಾಗ ಗೋಧಿ ನುಚ್ಚು ಮಾಂಸ ಕಲಸಿ ಕರಿಯೋ ಕಿಬ್ಬೆ ಬಸ್‌ಸ್ಟ್ಯಾಂಡ್ ಹೋಟೆಲ್‌ದಾಗೂ ಸಿಗ್ತದ, ಮೆಕ್ಸಿಕೋದ ಟಾಕೊಸ್ ಅಲ್ ಪಾಸ್ತೊರ್ ಅನ್ನೋದು ಲೆಬನಾನಿನವರ ಶವರ್ಮಾದಿಂದ ಹುಟ್ಟಿದ್ದು.

ಪ್ರಶ್ನೆ: ಖಲೀಲ್ ಗಿಬ್ರಾನ್ ಮುಸಲ್ಮಾನ ಕವಿಯೇನ್ರಿ? — ಶಾಲಾ ಮಾಸ್ತರರು, ಸೇಡಂ

ಉತ್ತರ: ಅಲ್ರಿ ಸರ್. ಕದೀಶಾ ಕಣಿವಿ ತುದ್ಯಾಗಿರೋ ಬ್ಶರ್ರಿ ಊರಾಗ 1883ರಾಗ ಮಾರೊನೈಟ್ ಮನ್ಯಾಗ ಹುಟ್ಟಿದವರು. 1895ರಾಗ ತಾಯಿ ಮಕ್ಕಳನ್ನ ಕರ್ಕೊಂಡು ಬಾಸ್ಟನ್‌ಗೆ ಹೋದ್ಲು, ಆ ತಾಯೀನೂ ಹೊಟ್ಟಿಪಾಡಿಗಿ ಗಂಟು ಹೊತ್ತು ಮನಿಮನಿಗಿ ಮಾರಿದಾಕಿ. ಗಿಬ್ರಾನ್ ಅರಬ್ಬಿ, ಇಂಗ್ಲಿಷ್ ಎರಡರಾಗೂ ಬರೆದ್ರು, ಚರ್ಚಿನ ಅಧಿಕಾರಕ್ಕ ಬೈದು ಬರೆದ್ರು, ಸೂಫಿಗಳನ್ನ ಪ್ರೀತಿಯಿಂದ ಓದಿದ್ರು. 1931ರಾಗ ನ್ಯೂಯಾರ್ಕ್‌ದಾಗ ತೀರಿಕೊಂಡ್ರು, ದೇಹ ಬ್ಶರ್ರಿಗೇ ತಂದ್ರು.

ಪ್ರಶ್ನೆ: ಹೊರಗಿದ್ದವರು ಊರಿಗಿ ರೊಕ್ಕ ಕಳಿಸ್ತಾರೇನು? ತಿರುಗಿ ಬರ್ತಾರೇನು? ವೋಟ್ ಹಾಕ್ತಾರೇನು? — ಆಳಂದ

ಉತ್ತರ: ರೊಕ್ಕ ಕಳಿಸ್ತಾರ, ಅದೇ ಈಗ ದೇಶದ ಉಸಿರು. 2019ರಾಗ ಅಲ್ಲಿ ಬ್ಯಾಂಕುಗಳು ಬಿದ್ವು. ವರ್ಷಾನುಗಟ್ಲೆ ಡಾಲರಿಗೆ 1,507 ಲಿರಾ ಅಂತ ಕಟ್ಟಿಟ್ಟಿದ್ದ ದರ ಕೈಬಿಟ್ಟು, ಈಗ ಡಾಲರಿಗೆ 89,500 ಲಿರಾ ಸುಮಾರು ಅದ. ಮಂದಿ ಜನ್ಮ ಪೂರ್ತಿ ಕೂಡಿಟ್ಟ ಠೇವಣಿ ಬ್ಯಾಂಕಿನಾಗ ಸಿಕ್ಕಿಬಿತ್ತು, ಅದರಾಗ ಆಫ್ರಿಕಾದಾಗ, ಗಲ್ಫಿನಾಗ ಬೆವರು ಸುರಿಸಿ ಊರಿನ ಬ್ಯಾಂಕಿಗೇ ಹಾಕಿದವರ ರೊಕ್ಕನೂ ಅದ. ನನ್ನ ಹೊಟ್ಟಿ ಉರಿಯೋದು ಇದಕ್ಕ, ನಂಬಿ ಕಳಿಸಿದವರಿಗೇ ಮೋಸ ಆಯ್ತು. ಮ್ಯಾಲ 2020ರ ಆಗಸ್ಟ್ 4ಕ್ಕ ಬೈರೂತ್ ಬಂದರಿನಾಗ 2,750 ಟನ್ ಅಮೋನಿಯಂ ನೈಟ್ರೇಟ್ ಸಿಡೀತು, 200ಕ್ಕಿಂತ ಹೆಚ್ಚು ಮಂದಿ ಸತ್ರು, ಡಾಕ್ಟರ್, ನರ್ಸ್, ಎಂಜಿನಿಯರ್ ಅಂತ ಕಲಿತವರು ಮತ್ತ ಪೆಟಿಗಿ ಕಟ್ಟಿದ್ರು. ತಿರುಗಿ ಬರೋರು ಬ್ಯಾಸಿಗ್ಯಾಗ ರಜಾಕ್ಕ ಬರ್ತಾರ, ಊರಾಗ ದೊಡ್ಡ ಮನಿ ಕಟ್ಟತಾರ, ವರ್ಷದ ಹತ್ತು ತಿಂಗಳು ಆ ಮನಿಗಿ ಕೀಲಿ.

ವೋಟಿನ ವಿಷಯಕ್ಕ ಬರೋಣು. ಲೆಬನಾನ್‌ದಾಗ ವೋಟ್ ಇರೋದು ನೀವು ವಾಸ ಮಾಡೋ ಕಡಿ ಅಲ್ಲ, ಅಜ್ಜನ ಊರಾಗ. ಮನೆತನದ ಹೆಸರು ಯಾವ ಊರಿನ ರೆಜಿಸ್ಟರ್‌ದಾಗ ಅದೋ ಅಲ್ಲಿ. ಬೈರೂತ್‌ದಾಗ ಹುಟ್ಟಿ ಬೆಳೆದು ಮುದುಕ ಆದವನೂ ಚುನಾವಣಿ ದಿನ ಗುಡ್ಡದ ಹಳ್ಳಿಗಿ ಹೋಗಿ ಹಾಕಬೇಕು, ಹೆಣ್ಮಗಳು ಲಗ್ನ ಆದ್ರ ಆಕಿ ಹೆಸರು ಗಂಡನ ಊರಿನ ರೆಜಿಸ್ಟರಿಗಿ ಹೋಗ್ತದ. ಪರದೇಶದಾಗ ಇದ್ದವರು ಅಲ್ಲಿಂದಲೇ ಹಾಕೋ ಅವಕಾಶ ಸಿಕ್ಕಿದ್ದು 2018ರಾಗ, 2022ರಾಗ ಒಂದು ಲಕ್ಷಕ್ಕಿಂತ ಹೆಚ್ಚು ಮಂದಿ ಹಾಕಿದ್ರು, ಚುನಾವಣಿಗಿ ನಿಂತ ಹೊಸಬರಿಗಿ ಅವರಿಂದ ಭಾಳ ಆಸರ ಆಯ್ತು. 2017ರ ಕಾನೂನಿನಾಗ ಹೊರಗಿನವರಿಗೇ ಬ್ಯಾರೆ ಆರು ಸೀಟು ಅಂತ ಬರೆದಾರ, ಖಂಡಕ್ಕೊಂದು, ಆ ಆರನ್ನೂ ಮಾರೊನೈಟ್, ಆರ್ಥೊಡಾಕ್ಸ್, ಗ್ರೀಕ್ ಕ್ಯಾಥೊಲಿಕ್, ಸುನ್ನಿ, ಶಿಯಾ, ದ್ರೂಜ್ ಅಂತ ಹಂಚ್ಯಾರ. ಎರಡೂ ಚುನಾವಣ್ಯಾಗ ಅದನ್ನ ಜಾರಿ ಮಾಡ್ಲಿಲ್ಲ. ಹತ್ತು ಸಾವಿರ ಕಿಲೋಮೀಟರ್ ದೂರ ಹೋದವನ ಬೆನ್ನಿಗೂ ಪಂಗಡ ಕಟ್ಟಬೇಕೇನು? ಹೊರಗಿನವರು ನಮ್ ಅಜ್ಜನ ಊರಿನ ಸೀಟಿಗೇ ಹಾಕ್ತೀವಿ ಅಂತ ಹಟ ಹಿಡಿದಾರ, ನನ್ ಮನಸ್ಸು ಅವರ ಕಡಿನೇ ಅದ.

ಪ್ರಶ್ನೆ: ಮಗ ಕುವೈತ್‌ದಾಗ ಎಂಜಿನಿಯರ್. ಅಲ್ಲೇ ಕೆಲಸ ಮಾಡೋ ಲೆಬನಾನಿನ ಕ್ರೈಸ್ತ ಹುಡುಗಿನ ಲಗ್ನ ಆಗ್ತೀನಿ ಅಂತಾನ. ನಮ್ದು ಲಿಂಗಾಯತ ಮನೆತನ, ಮನ್ಯಾಗ ಈಗ ಒಪ್ಪೀವಿ. ಅವರ ದೇಶದಾಗ ಲಗ್ನ ಮಾಡ್ಲಾಕ ಬರ್ತದೇನು, ಮೊಮ್ಮಕ್ಕಳು ಯಾವ ದೇಶದವರಾಗ್ತಾರ? — ಕಲಬುರಗಿ

ಉತ್ತರ: ಅಕ್ಕಾರ, ಒಪ್ಪೀರಿ ಅಂತ ಓದಿ ಭಾಳ ಸಂತೋಷ ಆಯ್ತು. ಲೆಬನಾನ್‌ದಾಗ ಬ್ಯಾಡ್ರಿ. ಅಲ್ಲಿ ಲಗ್ನ, ಸೋಡಚೀಟಿ ಎಲ್ಲಾ ಆಯಾ ಪಂಗಡದ ಕಾನೂನು, ಆಯಾ ಪಂಗಡದ ಕೋರ್ಟಿನ ಕೈಯಾಗ, ಮುಸಲ್ಮಾನರಿಗಿ ವಾರಸುದಾರಿಕೀನೂ ಹಂಗೇ. ಇದು ಎಲ್ಲಿ ತನಕ ಹೋಗ್ಯಾದ ಅಂದ್ರ, ಬರೀ ಹೆಣ್ಮಕ್ಕಳೇ ಇರೋ ಸುನ್ನಿ ತಂದಿ ಕೆಲವರು ಶಿಯಾ ಅಂತ ಹೆಸರು ಬದಲಾಯಿಸ್ಕೋತಾರ, ಶಿಯಾ ಕಾನೂನಿನಾಗ ಗಂಡುಮಗ ಇಲ್ದಿದ್ರ ಆಸ್ತಿ ಹೆಣ್ಮಕ್ಕಳಿಗೇ ಪೂರ್ತಿ ಬರ್ತದ ಅಂತ. ಚರ್ಚಿನಾಗ ಲಗ್ನ ಆಗಬೇಕಂದ್ರ ನಿಮ್ ಮಗನಿಗಿ ಅವರ ಬಿಷಪ್ ಅನುಮತಿ, ಅವರ ಶರತ್ತು ಎಲ್ಲಾ ಬರ್ತಾವ. ಬ್ಯಾರೆ ಬ್ಯಾರೆ ಧರ್ಮದ ಲೆಬನಾನಿ ಜೋಡಿಗಳೇ ವಿಮಾನ ಹತ್ತಿ ಪಕ್ಕದ ಸೈಪ್ರಸ್‌ಗೆ ಹೋಗಿ ರಿಜಿಸ್ಟರ್ ಲಗ್ನ ಆಗಿ ಬರ್ತಾರ, ತಿರುಗಿ ಬಂದಮ್ಯಾಲ ಅದನ್ನ ಅಲ್ಲಿ ಸರ್ಕಾರ ಒಪ್ಪತದ. ನಿಮಗ ಸೈಪ್ರಸ್ ಯಾಕ, ನಮ್ದೇ 1954ರ ವಿಶೇಷ ವಿವಾಹ ಕಾಯ್ದೆ ಅದಲ್ಲ. ಇಬ್ಬರಾಗ ಒಬ್ಬರು 30 ದಿನ ಇಲ್ಲಿ ಜಿಲ್ಲಾದಾಗ ಇದ್ದಿರಬೇಕು, ಅರ್ಜಿ ಕೊಟ್ಟಮ್ಯಾಲ 30 ದಿನ ನೋಟಿಸು, ಹುಡುಗಿ ಕಡಿಂದ ಲಗ್ನ ಆಗಿಲ್ಲ ಅಂತ ಸರ್ಟಿಫಿಕೇಟ್ ಬೇಕು. ಮಗನ ರಜಾ ಅದಕ್ಕ ತಕ್ಕಂಗ ಹಾಕಿಸ್ರಿ. ಧರ್ಮ ಇಬ್ಬರೂ ಬದಲು ಮಾಡೋದು ಬೇಕಾಗಿಲ್ಲ. ಆಮ್ಯಾಲ ಮನ್ಯಾಗ ನಿಮ್ ಪದ್ಧತಿ ಪ್ರಕಾರ ಅಕ್ಕಿಕಾಳು ಹಾಕಿಸ್ರಿ, ಅವರ ಕಡಿಯವರು ಚರ್ಚಿನಾಗ ಆಶೀರ್ವಾದ ಕೇಳಿದ್ರ ಅದನ್ನೂ ಮಾಡಿಸ್ರಿ.

ಮೊಮ್ಮಕ್ಕಳ ವಿಷಯ ಕಟ್ಟುನಿಟ್ಟಾಗಿ ಹೇಳ್ತೀನಿ. ಲೆಬನಾನಿನ 1925ರ ಕಾನೂನು ಪ್ರಕಾರ ತಾಯಿ ಕಡಿಂದ ಪೌರತ್ವ ಬರಂಗಿಲ್ಲ, ತಂದಿ ಲೆಬನಾನಿ ಇರಬೇಕು. ಬ್ರೆಜಿಲ್‌ದಾಗ ಇರೋ, ಅರಬ್ಬೀನೇ ಬಾರದ ಮರಿಮಗ ತಂದಿ ಕಡಿ ಕಾಗದ ತೋರಿಸಿ ಪೌರತ್ವ ಕೇಳಬಹುದು, ಬೈರೂತ್‌ದಾಗೇ ಇರೋ ಹೆಣ್ಮಗಳು ತನ್ನ ಹೊಟ್ಟ್ಯಾಗ ಹುಟ್ಟಿದ ಕೂಸಿಗಿ ಕೊಡ್ಲಾಕ ಬರಂಗಿಲ್ಲ. ಅಲ್ಲಿ ಹೆಣ್ಮಕ್ಕಳು ಎಷ್ಟೋ ವರ್ಷದಿಂದ ಇದರ ವಿರುದ್ಧ ಬೀದಿಗಿಳೀಲಾಕತ್ತಾರ, ಪಂಗಡದ ಲೆಕ್ಕ ಏರುಪೇರಾಗ್ತದ ಅನ್ನೋ ಅದೇ ಹೆದರಿಕಿ ಹೇಳಿ ತಡೀತಾರ. ನಿಮ್ ಸೊಸಿ ಆಗೋಳಿಗಿ ಇದು ಗೊತ್ತೇ ಇರ್ತದ, ಮನಸ್ಸಿನಾಗ ಆ ನೋವು ಇರ್ತದ, ಮಾತು ಬಂದಾಗ ಸಾವಕಾಶ ಕೇಳಿಸ್ಕೋರಿ. ಕೂಸು ಕುವೈತ್‌ದಾಗ ಹುಟ್ಟಿದ್ರ ತಂದಿ ಕಡಿಂದ ಭಾರತದ ಪೌರತ್ವ ಸಿಗ್ತದ, ಅದಕ್ಕ ಹುಟ್ಟಿದ ಒಂದು ವರ್ಷದೊಳಗ ಅಲ್ಲಿ ನಮ್ ರಾಯಭಾರ ಕಚೇರ್ಯಾಗ ಹೆಸರು ನೋಂದಾಯಿಸಬೇಕು, ಬ್ಯಾರೆ ದೇಶದ ಪಾಸ್‌ಪೋರ್ಟ್ ಕೂಸಿಗಿ ಇಲ್ಲ ಅಂತ ತಂದಿ ತಾಯಿ ಬರೆದುಕೊಡಬೇಕು. ಆ ಒಂದು ವರ್ಷ ದಾಟಿದ್ರ ದಿಲ್ಲಿ ಅನುಮತಿ ಬೇಕಾಗ್ತದ, ತಿರುಗಾಟ ಹೆಚ್ಚು. ಲಗ್ನದ ಸರ್ಟಿಫಿಕೇಟ್ ಮತ್ತ ಮಗನ ಪಾಸ್‌ಪೋರ್ಟಿನ ಜೆರಾಕ್ಸ್ ಒಂದು ಸೆಟ್ ನಿಮ್ಮ ಕಡಿನೂ ಇಟ್ಕೋರಿ.